ವಾಗ್ದಾನದ ಚೀಲ

ಕಾಯುವುದು ನನಗೆ ಬರುವುದಿಲ್ಲ. ಬಸ್ ಸ್ಟಾಪಿನಲ್ಲಿ ಸ್ವಲ್ಪ ಹೊತ್ತು ನಿಂತರೆ ಸಾಕು, ಮುಂದಿನ ಸ್ಟಾಪಿಗೆ ನಡೆಯಲು ಶುರುಮಾಡುತ್ತೇನೆ. ನಡುದಾರಿಯಲ್ಲಿ ಬಸ್ಸು ನನ್ನನ್ನು ದಾಟಿ ಹೋಗುತ್ತದೆ. ಕಾದಂಬರಿ ಕೈಗೆ ಬಂದರೆ ಕೊನೆಯ ಪುಟ ಮೊದಲು ಓದುತ್ತೇನೆ. ಒಲೆಯ ಮುಂದೆ ನಿಲ್ಲುವ ವ್ಯವಧಾನವಿಲ್ಲದೆ ನಾನು ಉಕ್ಕಿಸಿದ ಹಾಲನ್ನೆಲ್ಲ ಕೂಡಿಸಿದ್ದರೆ ಇಡೀ ಬೀದಿಗೆ ಕಾಫಿ ಆಗುತ್ತಿತ್ತು. ಅಮ್ಮ ಹಾಗಲ್ಲ. ಅವಳು ಅಕ್ಕಿ ಆರಿಸಲು ಕೂತರೆ ಒಂದೊಂದು ಕಾಳಿಗೂ ವಿಚಾರಣೆ ನಡೆಯುತ್ತಿತ್ತು. ಎಪ್ಪತ್ತರ ದಶಕದ ನಡುವಿನ ಒಂದು ವರ್ಷ ನಾವಿಬ್ಬರೂ ಒಂದೇ ಮನೆಯಲ್ಲಿ, ಒಂದೇ ದುಃಖದಲ್ಲಿ ಇದ್ದೆವು. ಅವಳು ಕೂತೇ ಇದ್ದಳು, ನಾನು ಓಡಾಡುತ್ತಲೇ ಇದ್ದೆ. ಅದನ್ನು ಬರೆಯಬೇಕೆಂದು ಎಷ್ಟೋ ಸಲ ಕೂತು, ಎರಡು ಸಾಲು ಬರೆದು, ಎದ್ದುಹೋಗಿದ್ದೇನೆ.

ಆಗ ನಾವಿದ್ದದ್ದು ರಾಜಾಜಿನಗರದಲ್ಲಿ, ಒಂದು ಮನೆಯ ಹಿಂದಿನ ಪೋರ್ಷನ್ನಿನಲ್ಲಿ. ಅಪ್ಪ ಹತ್ತಿರದ ಕಾರ್ಖಾನೆಯೊಂದರಲ್ಲಿ ಲೇತ್ ಯಂತ್ರ ನಡೆಸುವ ಟರ್ನರ್. ದೊಡ್ಡವಳು ನಾನು, ಪಿಯುಸಿ ಓದುತ್ತಿದ್ದೆ, ತಮ್ಮ ಇನ್ನೂ ಪ್ರೈಮರಿ ಸ್ಕೂಲಿನಲ್ಲಿದ್ದ. ಬೀದಿಗೆಲ್ಲ ನಮ್ಮದೊಂದೇ ಕ್ರೈಸ್ತರ ಮನೆ. ಮುಂದಿನ ಭಾಗದಲ್ಲಿದ್ದ ಓನರಮ್ಮ ಯುಗಾದಿಗೆ ಒಬ್ಬಟ್ಟು ಕೊಡುತ್ತಿದ್ದರು, ಕ್ರಿಸ್‌ಮಸ್ಸಿಗೆ ನಾವು ಕೊಡುತ್ತಿದ್ದ ಕರ್ಜಿಕಾಯಿಯನ್ನು "ಮೊಟ್ಟೆ ಗಿಟ್ಟೆ ಹಾಕಿಲ್ಲ ತಾನೇ?" ಎಂದು ಪ್ರತಿ ವರ್ಷ ಕೇಳಿ, ಪ್ರತಿ ವರ್ಷ ತಿನ್ನುತ್ತಿದ್ದರು. ನಮ್ಮ ಸಭೆ ಸೇರುತ್ತಿದ್ದದ್ದು ಎರಡು ಬೀದಿಯಾಚೆ, ಶೀಟು ಹೊದಿಸಿದ ಒಂದು ಹಾಲಿನಲ್ಲಿ. ಮಳೆ ಬಂದರೆ ಪ್ರಸಂಗ ಒಂದಕ್ಷರವೂ ಕೇಳಿಸುತ್ತಿರಲಿಲ್ಲ, ಅದಕ್ಕೆ ನನಗೆ ಮಳೆಗಾಲದ ಭಾನುವಾರಗಳೆಂದರೆ ಇಷ್ಟ.

ಹೊಸ ವರ್ಷದ ಬೆಳಗಿನ ಆರಾಧನೆಯಲ್ಲಿ ನಮ್ಮಲ್ಲಿ ಒಂದು ಪದ್ಧತಿ ಇತ್ತು. ಕೆಂಪು ಮಕಮಲ್ಲಿನ ಚೀಲವೊಂದರಲ್ಲಿ ಸತ್ಯವೇದದ, ಅಂದರೆ ಬೈಬಲ್ಲಿನ, ವಚನಗಳ ಚೀಟಿಗಳಿರುತ್ತಿದ್ದವು. ಒಬ್ಬೊಬ್ಬರೂ ಕೈಹಾಕಿ ಒಂದು ಚೀಟಿ ತೆಗೆಯಬೇಕು, ಎದ್ದು ನಿಂತು ಗಟ್ಟಿಯಾಗಿ ಓದಬೇಕು, ಉಳಿದವರು "ಆಮೆನ್" ಅನ್ನಬೇಕು. ಆ ವರ್ಷಕ್ಕೆ ದೇವರು ನಿಮಗೆ ಕೊಟ್ಟ ವಾಗ್ದಾನ ಅದು. ಒಂದು ಸಲ ಕೈಗೆ ಬಂದದ್ದನ್ನು ವಾಪಸು ಹಾಕಿ ಇನ್ನೊಂದು ತೆಗೆಯುವಂತಿಲ್ಲ. ಮನೆಗೆ ಬಂದ ಮೇಲೆ ಅದನ್ನು ಕನ್ನಡಿಯ ಚೌಕಟ್ಟಿಗೆ ಸಿಕ್ಕಿಸಿದರೆ ಮುಂದಿನ ಹೊಸ ವರ್ಷದ ತನಕ ಅಲ್ಲೇ.

ಚೀಟಿ ಮಾಡುತ್ತಿದ್ದವರು ಸಭೆಯ ಹಿರಿಯರಾದ ಒಬ್ಬ ರಿಟೈರ್ಡ್ ಮೇಷ್ಟ್ರು. ಕಾರ್ಡ್ ರೋಡಿನಾಚೆ, ಬಸವೇಶ್ವರನಗರದಲ್ಲಿ ಹೊಸದಾಗಿ ಮನೆಗಳು ಏಳುತ್ತಿದ್ದ ಕಡೆ ಒಬ್ಬರೇ ಇದ್ದರು. ಯಾರ ಮನೆಯಲ್ಲಾದರೂ ಹಳೆಯ ಸತ್ಯವೇದ ಜೀರ್ಣವಾದರೆ ಅದು ಅವರ ಪಾಲಿಗೆ ಬರುತ್ತಿತ್ತು. ಎಸೆಯುವಂತಿಲ್ಲ; ಹಳೇ ಪೇಪರಿನವನಿಗೆ ಹಾಕಿದರೆ ನಾಳೆ ಅದರಲ್ಲೇ ಕಡಲೆಕಾಯಿ ಕಟ್ಟಿಕೊಡುತ್ತಾನೆ ಎಂಬ ಭಯ. ಆದ್ದರಿಂದ ಮೇಷ್ಟ್ರು ಅದರೊಳಗಿನ ಒಳ್ಳೊಳ್ಳೆಯ ವಾಗ್ದಾನಗಳಿಗೆ ಕೆಂಪು ಪೆನ್ಸಿಲಿನಲ್ಲಿ ಗುರುತು ಹಾಕಿ, ಪಟ್ಟಿಯಾಗಿ ಕತ್ತರಿಸಿ, ಮೈದಾ ಅಂಟಿನಿಂದ ದಪ್ಪ ಕಾಗದಕ್ಕೆ ಅಂಟಿಸುತ್ತಿದ್ದರು. ದಪ್ಪ ಕಾಗದವೆಂದರೆ ಅಕ್ಕಪಕ್ಕದ ಮನೆಗಳಿಂದ ಕೇಳಿ ತಂದ ಲಗ್ನಪತ್ರಿಕೆಗಳು. ಹೀಗಾಗಿ ನಮ್ಮ ವಾಗ್ದಾನದ ಬೆನ್ನಿಗೆ ಅರ್ಧ ಗಣಪತಿಯೋ, ಯಾರದೋ ಸುಮುಹೂರ್ತವೋ ಇರುತ್ತಿತ್ತು. ಯಾರಿಗೂ ಅದು ತಪ್ಪೆನಿಸಿರಲಿಲ್ಲ.

ಆ ವರ್ಷದ ಮೊದಲ ದಿನ ನಮ್ಮ ಸಾಲಿಗೆ ಚೀಲ ಬಂದಾಗ ಮೊದಲು ತಮ್ಮ ಕೈಹಾಕಿದ. ನಿನಗೆ ನರೆ ಬರುವ ತನಕ ನಾನೇ ಹೊತ್ತುಕೊಂಡು ಸಾಕುತ್ತೇನೆ ಎಂದು ದೇವರು ಹೇಳುವ ವಚನ ಅವನಿಗೆ ಬಂತು. ಹಲ್ಲು ಬಿದ್ದ ಬಾಯಲ್ಲಿ ಅದನ್ನು ಓದಿದಾಗ ಸಭೆಯೆಲ್ಲ ನಕ್ಕಿತು. ನಗು ಇನ್ನೂ ಇಳಿದಿರಲಿಲ್ಲ, ಅಮ್ಮ ಎದ್ದು ತನ್ನದನ್ನು ಓದಿದಳು. ಅವಳದು ಸ್ಪಷ್ಟ ಧ್ವನಿ. ಏನು ಓದುತ್ತಿದ್ದೇನೆಂದು ತಿಳಿಯುವಷ್ಟರಲ್ಲಿ ಓದಿ ಮುಗಿಸಿದ್ದಳು. ಹಬ್ಬಗಳನ್ನು ಶೋಕವಾಗಿ ತಿರುಗಿಸುತ್ತೇನೆ, ಇದ್ದೊಬ್ಬ ಮಗನನ್ನು ಕಳೆದುಕೊಂಡವರ ಗೋಳಾಟದಂತೆ ಮಾಡುತ್ತೇನೆ, ಅದರ ಕೊನೆಯೂ ಕಹಿಯಾಗಿರುತ್ತದೆ ಎಂದು ದೇವರು ಯಾವುದೋ ಕಾಲದ ಯಾವುದೋ ನಾಡಿಗೆ ಹೇಳಿದ ತೀರ್ಪು ಅದು.

ಎಲ್ಲರೂ ಅಭ್ಯಾಸಬಲದಿಂದ "ಆಮೆನ್" ಅಂದರು.

ಅಂದ ಮೇಲೆ ಹಾಲಿನಲ್ಲಿ ಒಂದು ಥರದ ಗುಸುಗುಸು ಎದ್ದಿತು. ಮೇಷ್ಟ್ರು ಗಾಬರಿಯಿಂದ ಓಡಿಬಂದು, "ಕೊಡಮ್ಮ ಅದನ್ನ, ಏನೋ ಎಡವಟ್ಟಾಗಿದೆ, ಬೇರೆ ತಗೋ" ಎಂದರು. ಅಮ್ಮ ಕೊಡಲಿಲ್ಲ. "ಕೈಗೆ ಬಂದದ್ದು ಬಂತು, ಮೇಷ್ಟ್ರೇ. ನಿಯಮ ಎಲ್ಲರಿಗೂ ಒಂದೇ ಅಲ್ವಾ" ಎಂದು ಸೀರೆಯ ಸೆರಗಿಗೆ ಗಂಟು ಹಾಕಿಕೊಂಡಳು. ದಾರಿಯಲ್ಲಿ ಅಪ್ಪ ಅದನ್ನು ತಮಾಷೆ ಮಾಡಲು ನೋಡಿದರು. ತಮ್ಮ ಮಾತ್ರ ತನ್ನ ತಲೆ ಸವರಿಕೊಂಡು ನರೆ ಬಂತಾ ನೋಡು ಎಂದು ಮನೆ ಮುಟ್ಟುವ ತನಕ ನನ್ನ ಪ್ರಾಣ ತಿಂದ.

ಮಳೆಗಾಲ ಶುರುವಾದಾಗ ತಮ್ಮನಿಗೆ ಕಾಮಾಲೆ ಆಯಿತು. ಆಸ್ಪತ್ರೆಗೂ ತೋರಿಸಿದೆವು, ಓನರಮ್ಮ ಹೇಳಿದರೆಂದು ಕೆಂಗೇರಿಯ ಕಡೆ ಹೋಗಿ ಹಸಿರು ಔಷಧಿಯನ್ನೂ ಕುಡಿಸಿದೆವು. ಯಾರ ಕೈಲೂ ಆಗಲಿಲ್ಲ. ಅವನು ಹೋದ. ಇದಕ್ಕಿಂತ ಹೆಚ್ಚು ಬರೆಯಲು ಇವತ್ತಿಗೂ ನನ್ನ ಕೈ ಓಡುವುದಿಲ್ಲ.

ಆಮೇಲೆ ಅಮ್ಮ ಹಿತ್ತಿಲ ಬಾಗಿಲ ಹತ್ತಿರ ಒಂದು ಮಣೆ ಹಾಕಿಕೊಂಡು ಕೂತಳು. ಅಡುಗೆ ಮಾಡುತ್ತಿದ್ದಳು, ನೀರು ಹಿಡಿಯುತ್ತಿದ್ದಳು, ಕೆಲಸ ಮುಗಿದರೆ ಮತ್ತೆ ಆ ಮಣೆ. ಅವಳ ಎದುರಿನ ಗೋಡೆಯ ಕನ್ನಡಿಯ ಚೌಕಟ್ಟಿನಲ್ಲಿ ಆ ಚೀಟಿ. ನನಗೆ ಅದನ್ನು ಕಂಡರೆ ಮೈಯೆಲ್ಲ ಉರಿಯುತ್ತಿತ್ತು. ಒಂದು ದಿನ ಹರಿಯಲು ಹೋದೆ. ಅಮ್ಮ ಕೂತಲ್ಲಿಂದಲೇ, "ಅದನ್ನ ಮುಟ್ಟಿದ್ರೆ ನೋಡು" ಎಂದಳು. ಆ ಧ್ವನಿಗೆ ನನ್ನ ಕೈ ತಾನಾಗಿಯೇ ಕೆಳಗಿಳಿಯಿತು.

ಅವಳು ಆರಾಧನೆಗೆ ಬರುವುದನ್ನೂ ಬಿಟ್ಟಳು. ದೇವರ ಮೇಲೆ ಕೋಪವೇ ಎಂದು ಅಪ್ಪ ಹೆದರುತ್ತ ಕೇಳಿದರು. "ಕೋಪ ಅಲ್ಲ. ಅವರ ಆಮೆನ್ ಕೇಳಕ್ಕಾಗಲ್ಲ ನನ್ನ ಕೈಲಿ" ಎಂದಳು.

ಅಪ್ಪನ ಹೆದರಿಕೆ ಬೇರೆ ಇತ್ತು. ದೇವರ ದಿನವಾದ ಭಾನುವಾರವೂ ಓವರ್‌ಟೈಮಿಗೆ ಹೋಗುತ್ತಿದ್ದೆನಲ್ಲ, ಆ ತೀರ್ಪು ನನಗೇ ಬಂದದ್ದು ಎಂದು ಅವರು ಒಳಗೊಳಗೇ ಬೇಯುತ್ತಿದ್ದರು. ಒಂದು ಸಂಜೆ ಅದನ್ನು ಬಾಯಿಬಿಟ್ಟು ಹೇಳಿದಾಗ ಅಮ್ಮ ಸತ್ಯವೇದ ತೆಗೆದು ಆ ಅಧ್ಯಾಯವನ್ನು ಅವರ ಮುಂದೆ ಇಟ್ಟಳು. "ಯಾರಿಗೆ ಹೇಳಿದ್ದು ಅಂತ ಓದಿ ನೋಡಿ. ತಕ್ಕಡೀಲಿ ಮೋಸ ಮಾಡೋರಿಗೆ, ಬಡವರನ್ನ ಒಂದು ಜೊತೆ ಚಪ್ಪಲಿಗೆ ಕೊಂಡ್ಕೊಳೋರಿಗೆ. ನೀವು ಯಾರ ತಕ್ಕಡಿ ಮುಟ್ಟಿದೀರ?" ಅಪ್ಪ ಓದಿದರು, ಕಣ್ಣೊರೆಸಿಕೊಂಡರು, ಆದರೆ ಪೂರ್ತಿ ನಂಬಿದ ಹಾಗೆ ಕಾಣಲಿಲ್ಲ.

ನನಗೆ ಮನೆಯೊಳಗೆ ಉಸಿರು ಕಟ್ಟುತ್ತಿತ್ತು. ಕಾಲೇಜು ಮುಗಿದರೆ ಸೀದಾ ಮನೆಗೆ ಬರುತ್ತಿರಲಿಲ್ಲ. ಮಾಗಡಿ ರಸ್ತೆ ದಾಟಿ ವಿಜಯನಗರದ ಖಾಲಿ ಸೈಟುಗಳ ನಡುವೆ ಅಲೆಯುತ್ತಿದ್ದೆ. ಅಲ್ಲಿ ರಸ್ತೆಗಳಿದ್ದವು, ಮನೆಗಳಿರಲಿಲ್ಲ. ಗಡಿಕಲ್ಲು, ಮುಳ್ಳು, ಮೇಯುವ ಹಸು. ಮನೆಗೆ ಬಂದು ಪ್ರವಾದಿಗಳ ಪುಸ್ತಕಗಳನ್ನು ಓದುತ್ತಿದ್ದೆ. ಭಕ್ತಿಯಿಂದಲ್ಲ, ಜಗಳಕ್ಕೆ. ಎದುರು ಪಾರ್ಟಿಯ ವಕೀಲನ ಹಾಗೆ ತಪ್ಪು ಹುಡುಕುತ್ತಿದ್ದೆ. ಅವರದೆಲ್ಲ ಒಂದೇ ರಾಗ ಎನಿಸುತ್ತಿತ್ತು. ಊರು ಸುಡುತ್ತದೆ, ಗೋಡೆ ಬೀಳುತ್ತದೆ, ಹೆಂಗಸರು ಎದೆ ಬಡಿದುಕೊಳ್ಳುತ್ತಾರೆ, ಎಲ್ಲ ಆದ ಮೇಲೆ ಇದ್ದಕ್ಕಿದ್ದಂತೆ ದ್ರಾಕ್ಷಿತೋಟ, ಹಾಲು, ಜೇನು. ಸತ್ತವರ ಲೆಕ್ಕ ಯಾರು ಕೊಡುತ್ತಾರೆ? ನನ್ನ ತಮ್ಮನಿಗೆ ನರೆ ಎಲ್ಲಿ? ಆ ಚೀಲಕ್ಕೆ ಇನ್ನು ಜನ್ಮದಲ್ಲಿ ಕೈಹಾಕುವುದಿಲ್ಲ ಎಂದು ಶಪಥ ಮಾಡಿದೆ. ಅಮ್ಮನೂ ಹಾಕುವುದಿಲ್ಲ ಎಂದು ನನಗೆ ಖಾತ್ರಿಯಿತ್ತು. ವಿಚಿತ್ರವೆಂದರೆ ಅವಳು ಹಾಕಲಿ ಎಂದೇ ಒಳಗೆ ಪ್ರಾಣ ಬಡಿದುಕೊಳ್ಳುತ್ತಿತ್ತು. ಅವಳು ಮತ್ತೆ ಕೈಹಾಕಿದರೆ ಅಮ್ಮ ನನಗೆ ವಾಪಸು ಸಿಕ್ಕಳು, ಇಲ್ಲದಿದ್ದರೆ ಆ ಮಣೆಯೇ ಗತಿ.

ಮೇಷ್ಟ್ರು ಪ್ರತಿ ಭಾನುವಾರ ಮಧ್ಯಾಹ್ನ ಬರುತ್ತಿದ್ದರು. ಬಾಗಿಲ ಹೊರಗಿನ ಕಟ್ಟೆಯ ಮೇಲೆ ಕೂರುತ್ತಿದ್ದರು. ಅಮ್ಮ ಕಾಫಿ ಕೊಡುತ್ತಿದ್ದಳು, ಅವರು ಕುಡಿದು ಲೋಟ ತೊಳೆದಿಟ್ಟು ಹೋಗುತ್ತಿದ್ದರು. ಇಬ್ಬರೂ ಮಾತಾಡುತ್ತಿರಲಿಲ್ಲ. ಓನರಮ್ಮ ಒಂದು ಸಲ, "ಆ ಯಜಮಾನ್ರು ಯಾಕೆ ಬರ್ತಾರೋ, ಯಾಕೆ ಹೋಗ್ತಾರೋ, ಏನೂ ತಿಳಿಯಲ್ಲಪ್ಪ" ಎಂದರು.

ಡಿಸೆಂಬರಿನ ಒಂದು ಭಾನುವಾರ ಅವರು ಬರಲಿಲ್ಲ. ನನಗೆ ಕೂತಲ್ಲಿ ಕೂರಲಾಗದೆ ಅವರ ಮನೆಗೇ ನಡೆದೆ. ಬಾಗಿಲು ತೆರೆದೇ ಇತ್ತು. ಮೇಷ್ಟ್ರು ಚಾಪೆಯ ಮೇಲೆ ಕೂತಿದ್ದರು, ಮಡಿಲಲ್ಲಿ ಖಾಲಿ ಕೆಂಪು ಚೀಲ.

"ಈ ವರ್ಷದಿಂದ ಇದು ಬೇಡ ಮಗಳೇ. ನಿಲ್ಲಿಸಿಬಿಡ್ತೀನಿ."

"ನಿಲ್ಲಿಸಿ. ಒಳ್ಳೇದೇ ಆಯ್ತು" ಎಂದೆ. ಆಮೇಲೆ ತಡೆಯಲಾಗದೆ, "ನಮ್ಮ ಹುಡುಗನ ಚೀಟಿ ಯಾಕೆ ಸುಳ್ಳಾಯ್ತು, ಮೇಷ್ಟ್ರೇ?" ಎಂದು ಕೇಳಿಯೇಬಿಟ್ಟೆ.

ಅವರು ಚೀಲವನ್ನು ಮಡಿಸಿ ಪಕ್ಕಕ್ಕಿಟ್ಟರು. "ಗೊತ್ತಿಲ್ಲ" ಎಂದರು. ಅಷ್ಟು ವರ್ಷ ಮಕ್ಕಳ ಭಾನುವಾರ ಶಾಲೆಯಲ್ಲಿ ನಮಗೆ ಎಲ್ಲದಕ್ಕೂ ಉತ್ತರ ಕೊಟ್ಟ ಮನುಷ್ಯ ಗೊತ್ತಿಲ್ಲ ಎಂದದ್ದು ಅದೇ ಮೊದಲು. ಯಾಕೋ ಅವರ ಮೇಲಿದ್ದ ನನ್ನ ಕೋಪ ಅಲ್ಲಿಗೆ ಅರ್ಧ ಇಳಿಯಿತು.

"ಆದ್ರೆ ನಿಮ್ಮಮ್ಮನ ಚೀಟಿ ಏನಾಯ್ತು ಅಂತ ಗೊತ್ತಾಯ್ತು" ಎಂದು ಅವರು ಇನ್ನೊಂದು ಸತ್ಯವೇದ ತೆಗೆದರು, ಅದೇ ಅಚ್ಚಿನದು. ಹಾಳೆಯೊಂದನ್ನು ಬೆಳಕಿಗೆ ಹಿಡಿದು ತೋರಿಸಿದರು. ತೀರ್ಪಿನ ಆ ಸಾಲುಗಳ ಬೆನ್ನಿಗೆ ಸರಿಯಾಗಿ, ಅದೇ ಹಾಳೆಯ ಇನ್ನೊಂದು ಮಗ್ಗುಲಿಗೆ, ಅದೇ ಪ್ರವಾದಿಯ ಕೊನೆಯ ಮಾತುಗಳಿದ್ದವು. ಮೇಷ್ಟ್ರು ಗುರುತು ಹಾಕಿದ್ದು, ಕತ್ತರಿಸಿದ್ದು ಆ ಬದಿಯನ್ನು. ಕಣ್ಣಿಗೆ ಪೊರೆ ಬಂದು ಮಂಜಾಗಿದ್ದರಿಂದ ಅಂಟು ಹಚ್ಚುವಾಗ ಮೇಲೆ ಕೆಳಗಾಗಿತ್ತು. ವಾಗ್ದಾನ ಲಗ್ನಪತ್ರಿಕೆಗೆ ಅಂಟಿಕೊಂಡು ಒಳಗೆ ಹೋಗಿತ್ತು, ತೀರ್ಪು ಹೊರಗೆ ಉಳಿದಿತ್ತು.

"ನಿಮ್ಮಮ್ಮನಿಗೆ ಹೇಳೋಣ ಅಂತ ವಾರ ವಾರ ಬರ್ತೀನಿ. ಅವಳ ಮುಖ ನೋಡಿದ್ರೆ ಬಾಯಿ ಬರಲ್ಲ" ಎಂದರು.

ನಾನು ಚಪ್ಪಲಿ ಮೆಟ್ಟಿದವಳೇ ಹೊರಟೆ. ಬಸವೇಶ್ವರನಗರದಿಂದ ರಾಜಾಜಿನಗರಕ್ಕೆ ಎಷ್ಟು ಬೇಗ ಬಂದೆನೆಂದು ಕೇಳಿದರೆ ಹೇಳಲಾರೆ. ಕಾರ್ಡ್ ರೋಡಿನಲ್ಲಿ ಒಬ್ಬ ಲಾರಿಯವನು ಬೈದದ್ದು ಮಾತ್ರ ನೆನಪಿದೆ. ಅಮ್ಮ ಮಣೆಯ ಮೇಲಿದ್ದಳು. ನಾನು ಅವಳನ್ನು ಕೇಳಲೂ ಇಲ್ಲ. ಚೌಕಟ್ಟಿನಿಂದ ಚೀಟಿಯನ್ನು ಕಿತ್ತು, ತಟ್ಟೆಯಲ್ಲಿ ಬಿಸಿನೀರು ಹಾಕಿ ಅದರಲ್ಲಿ ಮುಳುಗಿಸಿದೆ. ಈ ಸಲ ಅವಳು ತಡೆಯಲಿಲ್ಲ, ನೋಡುತ್ತ ಕೂತಳು. ಮೈದಾ ಬಿಟ್ಟುಕೊಂಡಿತು. ಪಟ್ಟಿಯನ್ನು ಮೆಲ್ಲಗೆ ಎಬ್ಬಿಸಿ ಅಂಗೈ ಮೇಲೆ ಮಗುಚಿದೆ. ಕೆಂಪು ಗುರುತು ಹಾಗೇ ಇತ್ತು. ಹಾಳಾದ ಊರುಗಳನ್ನು ಮತ್ತೆ ಕಟ್ಟಿ ವಾಸಮಾಡುತ್ತಾರೆ, ತೋಟ ಹಾಕಿ ಅದರ ಹಣ್ಣು ತಿನ್ನುತ್ತಾರೆ, ನೆಟ್ಟವರನ್ನು ಇನ್ನು ಯಾರೂ ಕೀಳುವುದಿಲ್ಲ ಎಂದು ಅದರಲ್ಲಿತ್ತು.

"ನೋಡಮ್ಮ! ಇದು ನಿಂಗೆ ಬಂದಿದ್ದು. ಅದಲ್ಲ. ಮೇಷ್ಟ್ರು ತಿರುಗುಮುರುಗಾಗಿ ಅಂಟಿಸಿದಾರೆ ಅಷ್ಟೇ!"

ಅಮ್ಮ ಪಟ್ಟಿಯನ್ನು ನೋಡಲಿಲ್ಲ. ನನ್ನನ್ನು ನೋಡಿದಳು.

"ಅದರ ಹಿಂದೆ ಏನಿದೆ ಅಂತ ನಂಗೊತ್ತಿಲ್ವೇನೇ? ಚಿಕ್ಕವಳಿದ್ದಾಗಿಂದ ಓದಿರೋ ಪುಸ್ತಕ. ಚೀಟಿ ಬಂದ ಆವತ್ತು ಸಂಜೇನೇ ಕೂತು ಕೊನೇವರೆಗೂ ಓದಿದೆ."

ನನಗೆ ಸಿಟ್ಟು ನೆತ್ತಿಗೇರಿತು. "ಗೊತ್ತಿದ್ರೆ ಯಾಕಮ್ಮ ಹಿಂಗೆ ಕೂತಿದೀಯ ಇಷ್ಟು ದಿನ?"

"ಹಾಳೆ ತಿರುಗಿಸೋಕೆ ಎಷ್ಟು ಹೊತ್ತು ಬೇಕು? ನೀನು ತಿರುಗಿಸ್ಬಿಟ್ಟೆ. ನೀನು ಕತೆ ಪುಸ್ತಕಾನೂ ಹಂಗೇ ಓದೋದು. ನಂಗೆ ಈ ಕಡೆ ಇನ್ನೂ ಮುಗಿದಿಲ್ಲ ಕಣೇ."

ನಾನು ಒದ್ದೆ ಕೈ ಹಿಡಿದುಕೊಂಡು ನಿಂತೇ ಇದ್ದೆ. ಅವಳು ಮಾತು ನಿಲ್ಲಿಸಲಿಲ್ಲ. ಆರು ತಿಂಗಳಲ್ಲಿ ಅಷ್ಟು ಮಾತಾಡಿದ್ದು ಅದೇ ಮೊದಲು.

"ಇದನ್ನ ಯಾಕೆ ಕನ್ನಡೀಗೆ ಸಿಕ್ಕಿಸ್ಕೊಂಡಿದೀನಿ ಗೊತ್ತಾ? ಬಂದೋರೆಲ್ಲ ಏನಂದ್ರು? ದೇವರ ಚಿತ್ತ ಅಂದ್ರು. ಮಗಳಿದಾಳಲ್ಲ ಅಂದ್ರು. ದಿನ ಕಳೆದ್ರೆ ಸರಿಹೋಗುತ್ತೆ ಅಂದ್ರು. ಕಹಿ ಅಂತ ಒಬ್ರಾದ್ರೂ ಅಂದ್ರಾ? ಈ ಚೀಟಿ ಅಂತು. ಆ ಪ್ರವಾದಿ ಕುರಿ ಕಾಯೋನು. ಇದ್ದೊಬ್ಬ ಮಗ ಹೋದ್ರೆ ಮನೆ ಹೆಂಗಿರುತ್ತೆ ಅಂತ ಅವನಿಗೆ ಯಾರು ಹೇಳಿದ್ರೋ, ಸರಿಯಾಗಿ ಗೊತ್ತಿತ್ತು. ಅಷ್ಟು ಗೊತ್ತಿರೋನೇ ಆಚೆ ಕಡೇದನ್ನೂ ಬರೆದಿರೋದು. ಅದಕ್ಕೇ ಆಚೆ ಕಡೇದನ್ನ ನಂಬ್ತೀನಿ. ಬರೀ ಅದೊಂದೇ ಕೈಗೆ ಬಂದಿದ್ರೆ ನಂಬ್ತಿರ್ಲಿಲ್ಲ."

ಅಷ್ಟು ಹೇಳಿ ಅವಳು ಅತ್ತಳು. ಗಟ್ಟಿಯಾಗಿ, ಮುಂದಿನ ಮನೆಗೆ ಕೇಳಿಸುವಂತೆ. ನಾನು ಅವಳ ಪಕ್ಕ ನೆಲದ ಮೇಲೆ ಕೂತೆ. ಎಷ್ಟು ಹೊತ್ತೋ ತಿಳಿಯದು, ಎದ್ದುಹೋಗಬೇಕು ಎಂದು ನನಗೆ ಅನ್ನಿಸಲಿಲ್ಲ. ಓನರಮ್ಮ ಬಾಗಿಲ ತನಕ ಬಂದು, ನಮ್ಮನ್ನು ನೋಡಿ, ಒಲೆಯ ಮೇಲಿದ್ದ ಹಾಲನ್ನು ಇಳಿಸಿ ಹೋದರು.

ಮೇಷ್ಟ್ರು ಚೀಲ ನಿಲ್ಲಿಸುತ್ತಾರಂತೆ ಎಂದು ರಾತ್ರಿಯ ಅಡುಗೆ ಮಾಡುವಾಗ ಹೇಳಿದೆ. ಅಮ್ಮ ಸೌಟು ಕೆಳಗಿಟ್ಟಳು. "ನಿಲ್ಲಿಸೋಕೆ ಅವರು ಯಾರು? ನಾಳೆ ಹೋಗಿ ಹೇಳು. ಕತ್ತರಿಸಲಿ, ಆದ್ರೆ ಅಂಟಿಸೋದು ಬೇಡ. ಎರಡು ಕಡೇನೂ ಕಾಣ್ಲಿ." ಆರಾಧನೆಗೆ ಬರುತ್ತೀಯಾ ಎಂದು ಕೇಳಿದೆ. ಅವಳು ಹುಳಿಗೆ ಒಗ್ಗರಣೆ ಹಾಕಿದಳು. ಹೊಸ ವರ್ಷದ ತನಕ ನಾನು ಅದನ್ನೇ ಮತ್ತೆ ಮತ್ತೆ ಕೇಳಿ ಬೈಸಿಕೊಂಡೆ.

ಆ ಬೆಳಿಗ್ಗೆ ಅವಳು ಆರಾಧನೆಗೆ ಉಡುವ ಬಿಳಿ ಸೀರೆ ಉಟ್ಟು ನಮಗಿಂತ ಮೊದಲು ಹೊಸಿಲು ದಾಟಿದ್ದಳು. ಅಪ್ಪ ನನ್ನ ಮುಖ ನೋಡಿದರು, ನಾನು ಅವರ ಮುಖ ನೋಡಿದೆ, ಇಬ್ಬರೂ ಬೇಗ ಬೇಗ ಅವಳ ಹಿಂದೆ ನಡೆದೆವು. ಹಾಲಿನಲ್ಲಿ ಗಂಡಸರ ಕಡೆ ಅಪ್ಪ, ಹೆಂಗಸರ ಕಡೆ ನಾವು. ಚೀಲ ಬಂತು. ಬೆನ್ನಿಗೆ ದಪ್ಪ ಕಾಗದವಿಲ್ಲದ ಚೀಟಿಗಳೆಲ್ಲ ಬೀಡಿಯ ಹಾಗೆ ಸುತ್ತಿಕೊಂಡಿದ್ದವು. ಮೇಷ್ಟ್ರು ಅಮ್ಮನ ಮುಂದೆ ಚೀಲ ಹಿಡಿಯಬೇಕೋ ಮುಂದಕ್ಕೆ ಹೋಗಬೇಕೋ ತಿಳಿಯದೆ ನಿಂತರು. ಅಮ್ಮ ತಾನೇ ಕೈಹಾಕಿದಳು.

ಎದ್ದು ನಿಂತು ಸುರುಳಿ ಬಿಚ್ಚಿದಳು. ಎರಡೂ ಬದಿ ನೋಡಿದಳು. ಕೆಂಪು ಗುರುತಿದ್ದ ಬದಿಯನ್ನು ಬಿಟ್ಟು ಇನ್ನೊಂದನ್ನು ಓದಲು ಶುರುಮಾಡಿದಳು. ಅದು ಬೇರೊಬ್ಬ ಪ್ರವಾದಿಯದು. ಮಿಡತೆಯ ದಂಡು ಬಂದು ಹೊಲ ತಿಂದಿದೆ, ಅಂಜೂರ ಒಣಗಿದೆ, ದಾಳಿಂಬೆ ಒಣಗಿದೆ, ಕೊನೆಗೆ ಮನುಷ್ಯರೊಳಗಿನ ಸಂತೋಷವೂ ಒಣಗಿಹೋಗಿದೆ ಎಂದು ಓದಿದಳು.

ಹೋದ ವರ್ಷದ ಆಮೆನ್ ಎಲ್ಲರಿಗೂ ನೆನಪಿತ್ತು. ಮೇಷ್ಟ್ರ ಮುಖ ನೋಡಲಾಗುತ್ತಿರಲಿಲ್ಲ. ನನಗೆ ತಡೆಯಲಾಗಲಿಲ್ಲ, ಎದ್ದು ಅಮ್ಮನ ಮೊಣಕೈ ಹಿಡಿದೆ. "ಸಾಕು ಬಾಮ್ಮ. ಮನೆಗೆ ಹೋಗೋಣ."

"ಕೂತ್ಕೊಳೇ" ಎಂದಳು ಅಮ್ಮ. "ಇನ್ನೂ ಮುಗಿದಿಲ್ಲ."

ಪಟ್ಟಿಯನ್ನು ತಿರುಗಿಸಿದಳು. ಕಣಗಳು ಗೋಧಿಯಿಂದ ತುಂಬುತ್ತವೆ, ಮಿಡತೆ ತಿಂದ ವರ್ಷಗಳನ್ನು ನಾನು ನಿಮಗೆ ತಿರುಗಿ ಕೊಡುತ್ತೇನೆ ಎಂದು ದೇವರು ಹೇಳುತ್ತಾನೆ. ವರ್ಷಗಳು ಎನ್ನುವಲ್ಲಿ ಅವಳ ಧ್ವನಿ ಒಡೆಯಿತು. ನಿಲ್ಲಿಸಿದಳು, ಮೂಗು ಒರೆಸಿಕೊಂಡಳು, ಆ ಮಾತನ್ನು ಮತ್ತೆ ಮೊದಲಿನಿಂದ ಓದಿ ಮುಗಿಸಿದಳು.

ಆಗಲೂ ಯಾರಿಗೂ ಆಮೆನ್ ಅನ್ನಲು ಧೈರ್ಯ ಬರಲಿಲ್ಲ. ಅಮ್ಮ ಕೂರಲಿಲ್ಲ, ಚೀಟಿ ಹಿಡಿದುಕೊಂಡು ನಿಂತೇ ಇದ್ದಳು. ಕಾಯುವುದು ಅವಳಿಗೆ ಬರುತ್ತಿತ್ತು. ಕೊನೆಗೆ ಗಂಡಸರ ಕಡೆಯಿಂದ ಅಪ್ಪನ ಧ್ವನಿ ಬಂತು, ಒರಟಾಗಿ, ಒಂಟಿಯಾಗಿ. "ಆಮೆನ್." ಆಮೇಲೆ ಎಲ್ಲರೂ ಅಂದರು.

ಅಮ್ಮ ಕೂತು, ಮೇಷ್ಟ್ರ ಕೈಯಿಂದ ಚೀಲ ತೆಗೆದುಕೊಂಡು ನನ್ನ ಮಡಿಲಿಗಿಟ್ಟಳು.

"ಹಾಕೇ ಕೈ" ಎಂದಳು.

ನಾನು ಹಾಕಿದೆ. ಬಂದ ಚೀಟಿಯ ಎರಡೂ ಬದಿಯನ್ನು ಎದ್ದು ನಿಂತು ಓದಿದೆ, ಮೊದಲಿನಿಂದ, ನಿಧಾನವಾಗಿ.